ಒಟ್ಟು 412 ಗಂಟೆ ಐಸ್

"ಐಸ್ ಹಾಕಿನಾ? ಬೆಂಗಳೂರಲ್ಲಾ?" ಅಂತ ಕೇಳಿದವರಿಗೆ ನಾನು ಒಂದು ನೋಟ್‌ಬುಕ್ ತೋರಿಸುತ್ತೇನೆ. ಇನ್ನೂರು ಪುಟದ ರಟ್ಟಿನ ಲಾಂಗ್ ಬುಕ್, ಅವೆನ್ಯೂ ರೋಡಿನಲ್ಲಿ ತಗೊಂಡಿದ್ದು. ನಮ್ಮಜ್ಜಿ ಹಾಲಿನವನ ಲೆಕ್ಕ ಬರೆದಿಡುತ್ತಿದ್ದ ಹಾಗೆ, ನಾನು ಐಸ್ ಮೇಲೆ ಕಳೆದ ಪ್ರತಿ ಗಂಟೆಯ ಲೆಕ್ಕ ಅದರಲ್ಲಿ ಇದೆ. ಮೊದಲ ಸಾಲು: 2013ರ ಡಿಸೆಂಬರ್, 45 ನಿಮಿಷ. ಇವತ್ತಿಗೆ ಒಟ್ಟು 412 ಗಂಟೆ. ಲೇಹ್‌ನಲ್ಲಿ 230, ಗುರುಗ್ರಾಮದಲ್ಲಿ 96, ಟೊರಾಂಟೊದಲ್ಲಿ 70, ಶಿಮ್ಲಾದಲ್ಲಿ 16. ಬೆಂಗಳೂರಿನ ಕಾಲಂನಲ್ಲಿ ಸೊನ್ನೆ. ಮಾಲ್‌ಗಳಲ್ಲಿ ಸಿಗುವ ಪುಟ್ಟ ರಿಂಕ್‌ಗಳನ್ನು, ಅಂದರೆ ಸ್ಕೇಟಿಂಗ್ ಅಂಗಳಗಳನ್ನು, ನಾನು ಸೇರಿಸಿಲ್ಲ. ಅಲ್ಲಿ ಯಾರೂ ನನ್ನನ್ನು ಸ್ಟಿಕ್ ಹಿಡಿದುಕೊಂಡು ಒಳಗೆ ಬಿಟ್ಟಿಲ್ಲ.

ಕೆನಡಾದಲ್ಲಿ ಬೆಳೆಯುವ ಹತ್ತು ವರ್ಷದ ಹುಡುಗಿಗೆ ಈ 412 ಗಂಟೆ ಎರಡು-ಮೂರು ಚಳಿಗಾಲದ ಲೆಕ್ಕ. ನನಗೆ ಅದಕ್ಕೆ ಹತ್ತು ವರ್ಷದ ಮೇಲೇ ಹಿಡಿಯಿತು. ಉಳಿದ ಆಟವನ್ನೆಲ್ಲ ನಾನು ಕಲಿತಿದ್ದು ಬನಶಂಕರಿಯ ನಮ್ಮ ಮನೆ ತಾರಸಿಯಲ್ಲಿ, ಒಂದು ಸಿಮೆಂಟ್ ರಿಂಕ್‌ನಲ್ಲಿ, ಲಾಲ್‌ಬಾಗ್ ಬಂಡೆ ಮೇಲೆ, ಪೀಣ್ಯದ ಒಂದು ವರ್ಕ್‌ಶಾಪ್‌ನಲ್ಲಿ. ಸ್ವಲ್ಪ ಅಡುಗೆಮನೆಯಲ್ಲೂ.

ನಾನು ಪ್ರೊಫೆಷನಲ್ ಅಲ್ಲ. ಆಡಿದ್ದಕ್ಕೆ ನನಗೆ ಯಾರೂ ಒಂದು ರೂಪಾಯಿ ಕೊಟ್ಟಿಲ್ಲ. ಹಗಲು ಹೊತ್ತು ಒಂದು ಕಂಪನಿಯ ಅಕೌಂಟ್ಸ್ ನೋಡಿಕೊಳ್ಳುತ್ತೇನೆ. ಗಂಟೆ ಲೆಕ್ಕ ಬರೆಯುವ ಚಟ ಅಲ್ಲಿಂದಲೇ ಬಂದಿರಬೇಕು.

ಹಾಕಿ ಅಂದ ಕೂಡಲೇ ಜನ "ಕೊಡಗಿನವರಾ?" ಅಂತಾರೆ. ಅಲ್ಲ, ಬನಶಂಕರಿ ಎರಡನೇ ಹಂತ. ಒಂಬತ್ತನೇ ವಯಸ್ಸಿಗೆ ಸ್ಕೇಟಿಂಗ್ ಕ್ಲಾಸಿಗೆ ಸೇರಿದೆ. ನಮ್ಮೂರಿನ ಮಕ್ಕಳಿಗೆ ಅದೇನು ವಿಶೇಷ ಅಲ್ಲ. ಬೇಸಿಗೆ ರಜ ಬಂದರೆ ಪಾರ್ಕಿಗೆ ಹತ್ತು ಮಕ್ಕಳು ಮೊಣಕಾಲಿಗೆ ಪ್ಯಾಡ್ ಕಟ್ಟಿಕೊಂಡು ಸುತ್ತುತ್ತಿರುತ್ತವೆ, ಅಮ್ಮಂದಿರು ಬೆಂಚಿನ ಮೇಲೆ ನೀರಿನ ಬಾಟಲಿ ಹಿಡಿದು ಕೂತಿರುತ್ತಾರೆ. ಎರಡು ವರ್ಷ ನಾಲ್ಕು ಚಕ್ರದ ಸ್ಕೇಟ್ಸ್. ಆಮೇಲೆ ಚಕ್ರಗಳು ಒಂದೇ ಸಾಲಿನಲ್ಲಿರುವ ಇನ್‌ಲೈನ್ ಸ್ಕೇಟ್ಸ್. ಅಲ್ಲೇ ಒಬ್ಬ ಕೋಚ್ ಕೈಗೆ ಸ್ಟಿಕ್ ಕೊಟ್ಟರು. ಇನ್‌ಲೈನ್ ಹಾಕಿಯಲ್ಲಿ ಒಂದು ತಂಡಕ್ಕೆ ನಾಲ್ಕು ಜನ, ಜೊತೆಗೊಬ್ಬ ಗೋಲಿ, ಅಂದರೆ ಗೋಲ್‌ಕೀಪರ್. ಐಸ್‌ನಲ್ಲಾದರೆ ಐದು ಜನ ಮತ್ತು ಗೋಲಿ. ಚೆಂಡಿನ ಬದಲು ಹೊಡೆಯುವ ಬಿಲ್ಲೆಗೆ ಪಕ್ ಅಂತಾರೆ. ಇನ್‌ಲೈನ್ ಪಕ್ ಹಗುರ, ಮೈಮೇಲೆ ಸಣ್ಣ ಗುಬುಟುಗಳಿರುತ್ತವೆ, ಸಿಮೆಂಟ್ ಮೇಲೆ ಜಾರಲಿ ಅಂತ. ಐಸ್ ಹಾಕಿಯ ಪಕ್ ಗಟ್ಟಿ ರಬ್ಬರ್ ಬಿಲ್ಲೆ, ತೂಕ 156ರಿಂದ 170 ಗ್ರಾಂ. ಹೆಚ್ಚುಕಮ್ಮಿ ಕ್ರಿಕೆಟ್ ಚೆಂಡಿನ ತೂಕ. ಅದು ಕಾಲಿನ ಗಿಣ್ಣಿಗೆ ಬಡಿದರೆ ಹೇಗಿರುತ್ತೆ ಅಂತ ಗಲ್ಲಿ ಕ್ರಿಕೆಟ್ ಆಡಿದ ಯಾರಿಗಾದರೂ ಗೊತ್ತು.

2013ರಲ್ಲಿ ನನಗೆ ಇಪ್ಪತ್ತೆರಡು. ಅಷ್ಟೊತ್ತಿಗೆ ಚಕ್ರದ ಮೇಲೆ ನಾನು ಸಾಕಷ್ಟು ಜೋರು, ಜೋರು ಅನ್ನುವ ಅಹಂಕಾರವೂ ಇತ್ತು. ಗುರುಗ್ರಾಮದ ಒಂದು ಮಾಲ್‌ನ ಮೇಲಿನ ಮಹಡಿಯಲ್ಲಿ ಐಸ್ ರಿಂಕ್ ಇದೆ, ನಾವು ನಾಲ್ಕು ಜನ ಹೋಗಿ ಬರೋಣ ಅಂತಾಯಿತು. ವಿಮಾನಕ್ಕೆ ದುಡ್ಡಿಲ್ಲ. ಕರ್ನಾಟಕ ಎಕ್ಸ್‌ಪ್ರೆಸ್ ಹತ್ತಿದೆವು, ಎರಡು ರಾತ್ರಿ. ಸ್ಟಿಕ್‌ಗಳನ್ನು ಕೆಳಗಿನ ಬರ್ತ್ ಅಡಿಯಲ್ಲಿ ಉದ್ದಕ್ಕೆ ಮಲಗಿಸಿದೆವು. ಗುಂತಕಲ್ ದಾಟುವಷ್ಟರಲ್ಲಿ ಎದುರಿನ ಸೀಟಿನ ಯಜಮಾನರು ಅದರ ಬಗ್ಗೆ ಮೂರು ಸಲ ವಿಚಾರಿಸಿದ್ದರು. ಕೊನೆಗೆ "ಮೀನು ಹಿಡಿಯೋಕಾ?" ಅಂತಲೂ ಕೇಳಿದರು.

ಐಸ್‌ಗೆ ಇಳಿದ ಮೊದಲ ನಿಮಿಷ ಸ್ವರ್ಗ. ಒಂದು ಸಲ ಒದ್ದರೆ ಸಾಕು, ಹೋಗುತ್ತಲೇ ಇರುತ್ತೀರಿ. ಸಿಮೆಂಟಿನ ಗುರ್ ಅನ್ನುವ ಸದ್ದಿಲ್ಲ, ಪಾದಕ್ಕೆ ನಡುಕ ಇಲ್ಲ. ಎರಡನೇ ನಿಮಿಷಕ್ಕೆ ಎದುರಿಗೆ ಗೋಡೆ ಬಂತು.

ಚಕ್ರದಲ್ಲಿ ನಿಲ್ಲುವುದು ಅಂದರೆ ಒಂದು ಕಾಲನ್ನು ಹಿಂದೆ ಅಡ್ಡ ಎಳೆಯುವುದು, ಇಲ್ಲವೇ ಸುತ್ತು ಹೊಡೆದು ವೇಗ ಇಳಿಸುವುದು. ಐಸ್‌ನಲ್ಲಿ ನಿಲ್ಲುವ ರೀತಿಯೇ ಬೇರೆ. ಎರಡೂ ಪಾದ ಒಟ್ಟಿಗೆ ಅಡ್ಡ ತಿರುಗಬೇಕು, ಬ್ಲೇಡ್ ಐಸನ್ನು ಹೆರೆಯಬೇಕು, ಪುಡಿ ಚಿಮ್ಮಬೇಕು. ಟಿವಿಯಲ್ಲಿ ನೋಡಿರುತ್ತೀರಿ, ಆಟಗಾರ ನಿಂತಾಗ ಬಿಳೀ ಪುಡಿ ಎಗರುತ್ತೆ, ಅದೇ. ನಾನು ಚಕ್ರದ ಅಭ್ಯಾಸದಲ್ಲಿ ಕಾಲು ತಿರುಗಿಸಿದೆ, ಬ್ಲೇಡ್ ಐಸ್‌ಗೆ ಕಚ್ಚಿಕೊಂಡಿತು. ಕಾಲು ಅಲ್ಲೇ ನಿಂತಿತು, ನಾನು ಮಾತ್ರ ಮುಂದಕ್ಕೆ ಹೋದೆ. 45 ನಿಮಿಷದಲ್ಲಿ ಎಷ್ಟು ಸಲ ಬಿದ್ದೆ ಅಂತ ಬರೆದಿಟ್ಟಿಲ್ಲ. ಕೆಲವು ಲೆಕ್ಕ ಬರೆಯದಿದ್ದರೇ ಒಳ್ಳೆಯದು.

ಮೂರು ದಿನ ಅಲ್ಲಿದ್ದೆವು. ಅಲ್ಲಿನ ಕೋಚ್ "ಭಾರ ತೆಗೆ, ತಿರುಗು, ಆಮೇಲೆ ಭಾರ ಹಾಕು" ಅಂತ ಹೇಳಿ ಹೇಳಿ ಸೋತರು. ತಲೆಗೆ ಅರ್ಥ ಆಗಿತ್ತು, ಕಾಲಿಗೆ ಆಗಿರಲಿಲ್ಲ.

ಕಾಲಿಗೆ ಅರ್ಥ ಆಗಿದ್ದು ವಾಪಸ್ ಬಂದ ಒಂದು ವಾರಕ್ಕೆ, ನಮ್ಮ ಅಡುಗೆಮನೆಯಲ್ಲಿ. ಅಮ್ಮ ಕುಕ್ಕರ್ ಎತ್ತುವಾಗ ನೀರು ಚೆಲ್ಲಿತು. ಎರಡೂ ಕೈಯಲ್ಲಿ ಪಾತ್ರೆ. ಹಾಗಾಗಿ ನೆಲ ಒರೆಸುವ ಬಟ್ಟೆಯನ್ನು ಕಾಲಲ್ಲೇ ಎಳೆದುಕೊಂಡು, ಪಾದದಿಂದ ಹೊರಗಡೆಗೆ ಒರೆಸಿದಳು. ಎಲ್ಲರ ಮನೆಯಲ್ಲೂ ಮಾಡುವ ಕೆಲಸ, ಅಲ್ವಾ? ಮೊದಲು ಪಾದ ಹಗುರವಾಗಿ ಬಟ್ಟೆ ಮೇಲೆ ಕೂರುತ್ತೆ, ಜಾರುತ್ತೆ, ಜಾರುತ್ತಾ ಜಾರುತ್ತಾ ಒತ್ತಡ ಬೀಳುತ್ತೆ. ಶುರುವಿನಲ್ಲೇ ಜೋರಾಗಿ ಒತ್ತಿದರೆ ಬಟ್ಟೆ ನೆಲಕ್ಕೆ ಅಂಟಿಕೊಂಡು ನೀವು ಮುಗ್ಗರಿಸುತ್ತೀರಿ. ನಾನು ಕೈಯಲ್ಲಿದ್ದ ಕಾಫಿ ಲೋಟ ಇಟ್ಟು, "ಅಮ್ಮ, ಇನ್ನೊಂದ್ಸಲ ಮಾಡು" ಅಂದೆ.

"ನಿಂಗೆ ತಲೆ ಕೆಟ್ಟಿದೆಯಾ? ನೀನೇ ಒರೆಸು."

ಒರೆಸಿದೆ. ಮುಂದಿನ ಒಂದು ತಿಂಗಳು ನಮ್ಮ ಮನೆಯ ನೆಲವನ್ನೆಲ್ಲ ನಾನೇ ಕಾಲಲ್ಲಿ ಒರೆಸಿದೆ, ಬಲಗಾಲು ಇಪ್ಪತ್ತು, ಎಡಗಾಲು ಇಪ್ಪತ್ತು. ಎಡಗಾಲು ಮಹಾ ದಡ್ಡ ಅಂತ ಆಗ ಗೊತ್ತಾಯಿತು. ಎಲ್ಲರಿಗೂ ಒಂದು ಕಡೆ ಚೆನ್ನಾಗಿ ನಿಲ್ಲಲು ಬರುತ್ತೆ, ಇನ್ನೊಂದು ಕಡೆ ಬರುವುದಿಲ್ಲ. ಆಟದಲ್ಲಿ ಎದುರಾಳಿ ಅದನ್ನು ಎರಡೇ ನಿಮಿಷದಲ್ಲಿ ಕಂಡುಹಿಡಿಯುತ್ತಾನೆ.

ಹಾಗೆ ಶುರುವಾಗಿದ್ದು ತಾರಸಿಗೆ ಹತ್ತಿತು. ಎಂಟು ಅಡಿ ಉದ್ದದ ಸನ್‌ಮೈಕಾ ಹಾಳೆ ತಂದು ಪ್ಲೈವುಡ್ ಮೇಲೆ ಅಂಟಿಸಿದೆ. ಎರಡು ತುದಿಗೆ ಮರದ ಪಟ್ಟಿ ಬಡಿಸಿದೆ, ನಡುವೆ ಆರಡಿ ಜಾಗ ಉಳಿಯಿತು. ಕಾಲಿಗೆ ಉಣ್ಣೆಯ ಸಾಕ್ಸ್. ಒಂದು ಪಟ್ಟಿಯನ್ನು ಒದ್ದು ಇನ್ನೊಂದು ಪಟ್ಟಿಯವರೆಗೆ ಅಡ್ಡಕ್ಕೆ ಜಾರುವುದು, ಅಲ್ಲಿಂದ ವಾಪಸ್. ಇದಕ್ಕೆ ಸ್ಲೈಡ್ ಬೋರ್ಡ್ ಅಂತಾರೆ, ಐಸ್ ಇರುವ ದೇಶದವರೂ ಬಳಸುತ್ತಾರೆ. ಕಾರ್ಪೆಂಟರ್ ಕೂಲಿ ಸೇರಿ ಎರಡೂವರೆ ಸಾವಿರದ ಒಳಗೆ ಮುಗಿಯಿತು. ನಾನು ಈ ಆಟಕ್ಕೆ ಮಾಡಿದ ಖರ್ಚಿನಲ್ಲಿ ಪೂರ್ತಿ ದುಡ್ಡು ವಸೂಲಾದ ವಸ್ತು ಅದೊಂದೇ. ಸ್ಟಿಕ್ ಮುರಿಯುತ್ತೆ, ಗ್ಲೌಸ್ ಹರಿಯುತ್ತೆ, ಸನ್‌ಮೈಕಾ ಇನ್ನೂ ಇದೆ.

ಶಾಟ್ ಹೊಡೆಯುವುದನ್ನೂ ಅಲ್ಲೇ ಕಲಿತೆ. ಪ್ಯಾರಾಪೆಟ್ ಗೋಡೆಗೆ ಹಳೇ ಹತ್ತಿ ಹಾಸಿಗೆ ನಿಲ್ಲಿಸಿ, ಅದರ ಮೇಲೆ ಗೋಲಿನ ಅಳತೆಗೆ ಸೀಮೆಸುಣ್ಣದಲ್ಲಿ ಗೆರೆ ಎಳೆದೆ. ಆರಡಿ ಅಗಲ, ನಾಲ್ಕಡಿ ಎತ್ತರ. ದಿನಕ್ಕೆ ನೂರು ಶಾಟ್. ಒಂದು ಪಕ್ ಹಾಸಿಗೆ ತಪ್ಪಿಸಿಕೊಂಡು ಪಕ್ಕದ ಮನೆಯವರ ಸಿಂಟೆಕ್ಸ್ ಟ್ಯಾಂಕಿಗೆ ಬಡಿಯಿತು. ಟ್ಯಾಂಕಿಗೆ ಏನೂ ಆಗಲಿಲ್ಲ, ನಮ್ಮಿಬ್ಬರ ಮನೆಯ ಮಾತು ಆರು ತಿಂಗಳು ನಿಂತಿತು.

ಅಮೆರಿಕ-ಕೆನಡಾದ ದೊಡ್ಡ ಲೀಗ್ ಎನ್‌ಎಚ್‌ಎಲ್‌ನಲ್ಲಿ ಪಂದ್ಯಕ್ಕೆ ಮೊದಲು ಪಕ್‌ಗಳನ್ನು ಫ್ರೀಜರ್‌ನಲ್ಲಿ ಇಡುತ್ತಾರೆ ಅಂತ ಓದಿದ್ದೆ. ರಬ್ಬರ್ ಬೆಚ್ಚಗಿದ್ದರೆ ಪುಟಿಯುತ್ತೆ, ತಣ್ಣಗಿದ್ದರೆ ಸಮನಾಗಿ ಜಾರುತ್ತೆ. ನಾನೂ ಉತ್ಸಾಹದಲ್ಲಿ ನಾಲ್ಕು ಪಕ್ ತಗೊಂಡು ನಮ್ಮ ಫ್ರಿಜ್ಜಿನ ಫ್ರೀಜರ್‌ನಲ್ಲಿ ಬಟಾಣಿ ಪಕ್ಕ ಇಟ್ಟೆ. ತಾರಸಿಯ ಬಿಸಿಲಿಗೆ ಅದರಿಂದ ಏನು ಪ್ರಯೋಜನ ಅಂತ ಯೋಚಿಸಿರಲಿಲ್ಲ. ಅಮ್ಮ ಅದನ್ನು ಹಳೇ ಹುಣಸೆಹಣ್ಣಿನ ಉಂಡೆ ಅಂದುಕೊಂಡು ಸಾರಿಗೆ ನೆನೆ ಹಾಕಿದಳು. ಅರ್ಧ ಗಂಟೆ ಕಾದು, "ಇದೇನೇ, ಕರಗ್ತಾನೇ ಇಲ್ಲ" ಅಂತ ಕೂಗಿದಳು.

ಇನ್ನು ಬ್ಲೇಡಿನ ಕಥೆ. ಇದನ್ನು ಸ್ವಲ್ಪ ಬಿಡಿಸಿ ಹೇಳಬೇಕು, ಯಾಕಂದರೆ ಬೆಂಗಳೂರಿನಲ್ಲಿ ಐಸ್ ಹಾಕಿ ಶುರು ಮಾಡುವವರೆಲ್ಲ ಮೊದಲು ಎಡವುವುದು ಇಲ್ಲೇ.

ನನ್ನ ಮೊದಲ ಸ್ವಂತ ಐಸ್ ಸ್ಕೇಟ್ಸ್ ಸೆಕೆಂಡ್‌ಹ್ಯಾಂಡ್. ಟೊರಾಂಟೊದಲ್ಲಿರುವ ಚಿಕ್ಕಮ್ಮನ ಮಗ ಸೂಟ್‌ಕೇಸಿನಲ್ಲಿ ತಂದುಕೊಟ್ಟ. ಹತ್ತು-ಹದಿನೈದು ಗಂಟೆ ಆಡುವಷ್ಟರಲ್ಲಿ ಬ್ಲೇಡ್ ಮೊಂಡಾಯಿತು. ಒಂದು ಭಾನುವಾರ ಬೆಳಿಗ್ಗೆ ಬೀದಿಯಲ್ಲಿ "ಸಾಣೇ... ಚಾಕು ಸಾಣೇ..." ಅಂತ ಸೈಕಲ್ ಬಂತು. ನಾನು ಓಡಿಹೋಗಿ ಸ್ಕೇಟ್ಸ್ ಕೊಟ್ಟೆ. ಆತ ಅದನ್ನು ತಿರುಗಿಸಿ ಮುರುಗಿಸಿ ನೋಡಿದ, ಪೆಡಲ್ ತುಳಿದ, ಕಿಡಿ ಹಾರಿಸಿದ. ಇಪ್ಪತ್ತು ನಿಮಿಷಕ್ಕೆ ಎರಡೂ ಬ್ಲೇಡನ್ನು ಮಚ್ಚಿನ ಹಾಗೆ ಮಾಡಿಕೊಟ್ಟ. ಬೆರಳಿಟ್ಟರೆ ಕುಯ್ಯುವಂತಿತ್ತು. ನಾನು ಖುಷಿಯಾಗಿ ಹತ್ತು ರೂಪಾಯಿ ಜಾಸ್ತಿಯೇ ಕೊಟ್ಟೆ.

ತಪ್ಪು ಆತನದಲ್ಲ, ನನ್ನದು. ಹಾಕಿ ಸ್ಕೇಟಿನ ಬ್ಲೇಡ್ ಚಾಕು ಅಲ್ಲ. ಅದರ ದಪ್ಪ ಸುಮಾರು 3 ಮಿಲಿಮೀಟರ್. ಅದರ ತಳದಲ್ಲಿ ಉದ್ದಕ್ಕೂ ಒಂದು ಸಣ್ಣ ಕಾಲುವೆ ಇರುತ್ತೆ. ಕಾಲುವೆಯ ಎರಡು ದಡಗಳೇ ಎರಡು ಅಂಚು, ಒಳಗಿನದ್ದೊಂದು, ಹೊರಗಿನದ್ದೊಂದು. ಒಳ ಅಂಚಿನ ಮೇಲೆ ಒದೆಯುತ್ತೀರಿ, ಒಳ-ಹೊರ ಎರಡರ ಮೇಲೂ ತಿರುಗುತ್ತೀರಿ, ನಿಲ್ಲುತ್ತೀರಿ. ಸಾಣೆಯವನು ಎರಡೂ ದಡ ಸವೆಸಿ ನಡುವೆ ಒಂದೇ ಏಣು ಮಾಡಿದ್ದ. ಗುರುಗ್ರಾಮದಲ್ಲಿ ಅದನ್ನು ಹಾಕಿಕೊಂಡು ಇಳಿದೆ ನೋಡಿ, ಎಣ್ಣೆ ಚೆಲ್ಲಿದ ಗ್ರಾನೈಟ್ ಮೇಲೆ ನಿಂತ ಹಾಗಾಯಿತು. ಆ ಪ್ರವಾಸದ ಲೆಕ್ಕ ನೋಟ್‌ಬುಕ್‌ನಲ್ಲಿ 20 ನಿಮಿಷ ಅಂತಷ್ಟೇ ಇದೆ. ಹೋಗಿ ಬರಲು ನಾಲ್ಕು ರಾತ್ರಿ ರೈಲು, ಐಸ್ ಮೇಲೆ 20 ನಿಮಿಷ.

ಆಮೇಲೆ ಪೀಣ್ಯಕ್ಕೆ ಹೋದೆ. ನಮ್ಮ ಕಂಪನಿಗೆ ಬಿಲ್ ಕಳಿಸುವ ಒಂದು ಸಣ್ಣ ಟೂಲ್ ರೂಂ ಗೊತ್ತಿತ್ತು. ಅಲ್ಲಿನ ಗ್ರೈಂಡರ್ ಮೇಸ್ತ್ರಿಗೆ ಅರವತ್ತರ ಹತ್ತಿರ ವಯಸ್ಸು. ನಾನು ಕಾಗದದ ಮೇಲೆ ಚಿತ್ರ ಬಿಡಿಸಿ, ಐಸ್, ಅಂಚು, ಅರ್ಧ ಇಂಚಿನ ತ್ರಿಜ್ಯ ಅಂತೆಲ್ಲ ವಿವರಿಸಲು ಶುರು ಮಾಡಿದೆ. ಅವರು ಕನ್ನಡಕ ಮೇಲಕ್ಕೆ ಸರಿಸಿ ಬ್ಲೇಡ್ ನೋಡಿದರು.

"ಉದ್ದಕ್ಕೆ ಕಾಲುವೆ ತೋಡ್ಬೇಕು. ಅಷ್ಟೇ ತಾನೇಮ್ಮಾ?"

ಅಷ್ಟೇ. ಸಾಣೆಕಲ್ಲಿನ ಅಂಚನ್ನು ಮೊದಲು ವಜ್ರದ ಮೊನೆಯ ಡ್ರೆಸ್ಸರ್‌ನಿಂದ ಉಬ್ಬುಗುಂಡಾಗಿ ಮಾಡಿಕೊಳ್ಳಬೇಕು. ಆ ಉಬ್ಬಿನ ಮೇಲೆ ಬ್ಲೇಡನ್ನು ಉದ್ದಕ್ಕೆ ಎಳೆದರೆ ಅದೇ ಅಳತೆಯ ತಗ್ಗು ಬೀಳುತ್ತೆ. ಬ್ಲೇಡ್ ಅಲುಗಾಡದೆ ನೇರ ನಿಲ್ಲಲಿ ಅಂತ ಅವರೇ ಒಂದು ಜಿಗ್ ಮಾಡಿದರು. "ಒಂದೇ ಸಲ ಜಾಸ್ತಿ ಉಜ್ಜಬಾರದು, ಬಿಸಿಯಾಗಿ ನೀಲಿ ಬಣ್ಣ ಬಂದ್ರೆ ಉಕ್ಕು ಸತ್ತೋಯ್ತು ಅಂತಲೇ ಲೆಕ್ಕ" ಅಂದರು. ಹಗುರವಾಗಿ ಎಂಟು ಸಲ, ಹತ್ತು ಸಲ. ಕೊನೆಗೆ ಅಂಚಿಗೆ ಏಳುವ ಸಣ್ಣ ಮುಳ್ಳನ್ನು ಎಣ್ಣೆಕಲ್ಲಿನಲ್ಲಿ ತೆಗೆಯಬೇಕು. ಸರಿಯಾಗಿದೆಯಾ ಅಂತ ನೋಡಲು ಒಂದು ಉಪಾಯ ಇದೆ. ಸ್ಕೇಟನ್ನು ತಲೆಕೆಳಗು ಹಿಡಿದು, ಬ್ಲೇಡಿಗೆ ಅಡ್ಡವಾಗಿ ಒಂದು ನಾಣ್ಯ ಇಡಬೇಕು. ಎರಡು ದಡ ಸಮ ಇದ್ದರೆ ನಾಣ್ಯ ತಕ್ಕಡಿ ಹಾಗೆ ನೇರ ಕೂರುತ್ತೆ. ಒಂದು ಕಡೆ ವಾಲಿದರೆ ಆ ಕಡೆಯ ದಡ ತಗ್ಗಿದೆ ಅಂತ. ಇದನ್ನು ನಾನು ಹೇಳಿಕೊಟ್ಟಾಗ ಮೇಸ್ತ್ರಿ ಮೊದಲ ಸಲ ನನ್ನ ಕಡೆ ಸ್ವಲ್ಪ ಗೌರವದಿಂದ ನೋಡಿದರು ಅಂತ ನನ್ನ ಭಾವನೆ.

ಆ ಉಬ್ಬಿನ ತ್ರಿಜ್ಯ ಕಮ್ಮಿಯಾದರೆ ಕಾಲುವೆ ಆಳ, ಹಿಡಿತ ಜಾಸ್ತಿ, ಆದರೆ ಜಾರುವುದು ಕಮ್ಮಿ. ತ್ರಿಜ್ಯ ಜಾಸ್ತಿಯಾದರೆ ಉಲ್ಟಾ. ಮಾಲ್‌ನ ಮೆತ್ತನೆ ಐಸ್‌ಗೆ ಅರ್ಧ ಇಂಚು ಸಾಕು. ಲೇಹ್‌ನ ಐಸ್ ಕಲ್ಲು. ಅಲ್ಲಿಗೆ ನಾನು ಇನ್ನೂ ಸ್ವಲ್ಪ ಆಳ ಮಾಡಿಸಿಕೊಂಡು ಹೋಗುತ್ತೇನೆ.

ಲೇಹ್‌ಗೆ ಮೊದಲು ಹೋಗಿದ್ದು 2015ರ ಜನವರಿಯಲ್ಲಿ. ಬೆಂಗಳೂರಿನ ದಾಖಲೆಯ ಚಳಿ 7.8 ಡಿಗ್ರಿ, ಅದೂ 1884ರಲ್ಲಿ. ನಾವು ಹದಿನೈದು ಡಿಗ್ರಿಗೇ ಮಂಕಿ ಕ್ಯಾಪ್ ಹುಡುಕುವ ಜನ. ಲೇಹ್‌ನಲ್ಲಿ ರಾತ್ರಿ ಸೊನ್ನೆಯ ಕೆಳಗೆ ಹದಿನೈದು. ನಮ್ಮೂರು ಸಮುದ್ರ ಮಟ್ಟದಿಂದ ಸುಮಾರು 920 ಮೀಟರ್ ಎತ್ತರದಲ್ಲಿದ್ದರೆ, ಅದು ಸುಮಾರು 3,500 ಮೀಟರ್. ಮೊದಲ ಎರಡು ದಿನ ಏನೂ ಮಾಡಬೇಡಿ, ಸುಮ್ನೆ ಮಲಗಿ ಅಂದರು. ನಾನು ಎರಡನೇ ದಿನವೇ ಮೆಟ್ಟಿಲು ಹತ್ತಿ ಮಹಡಿಗೆ ಹೋದೆ. ಆಮೇಲೆ ಮೂರನೇ ದಿನವೂ ಮಲಗಿದೆ.

ಅಲ್ಲಿ ಐಸ್ ತಯಾರಾಗುವುದನ್ನು ಒಂದು ಸಲ ನೋಡಬೇಕು. ನಾನು ಆಗ ನೋಡಿದ್ದರಲ್ಲಿ ಯಂತ್ರ ಇರಲಿಲ್ಲ, ಏನಿರಲಿಲ್ಲ. ರಾತ್ರಿ ಮೈದಾನಕ್ಕೆ ಪೈಪಿನಲ್ಲಿ ನೀರು ಬಿಡುತ್ತಾರೆ, ತೆಳ್ಳಗೆ, ದೋಸೆ ಹುಯ್ದ ಹಾಗೆ. ಅದು ಹೆಪ್ಪುಗಟ್ಟಿದ ಮೇಲೆ ಇನ್ನೊಂದು ಪದರ, ಅದರ ಮೇಲೆ ಮತ್ತೊಂದು. ದಪ್ಪಗೆ ಒಂದೇ ಸಲ ಹುಯ್ದರೆ ಬಿರುಕು ಬಿಡುತ್ತೆ. ಬೆಳಿಗ್ಗೆ ಕೈಗೆ ಸಿಕ್ಕವರೆಲ್ಲ ಪೊರಕೆ ಹಿಡಿದು ಧೂಳು, ಹಿಮ ಗುಡಿಸುತ್ತಾರೆ. ಹತ್ತು ಗಂಟೆ ಮೇಲೆ ಬಿಸಿಲು ಬಿದ್ದರೆ ಮೇಲ್ಪದರ ನೀರಾಡುತ್ತೆ, ಹಾಗಾಗಿ ಆಟ ಬೆಳಗಿನ ಜಾವ, ಇಲ್ಲವೇ ಸಂಜೆ. ಇಡೀ ಸೀಸನ್ ಅಂದರೆ ಡಿಸೆಂಬರ್ ಮಧ್ಯದಿಂದ ಫೆಬ್ರವರಿವರೆಗೆ, ಎರಡು ತಿಂಗಳು. ಆ ಎರಡು ತಿಂಗಳಿಗಾಗಿ ಅಲ್ಲಿನ ಮಕ್ಕಳು ವರ್ಷವಿಡೀ ಕಾಯುತ್ತಾರೆ.

ಮೊದಲ ದಿನ ಹದಿನಾರರ ಒಂದು ಹುಡುಗಿ ನನ್ನ ಹತ್ತಿರ ಬಂದು ಜೋರಾಗಿ "ಆಚೆ ಲೇ!" ಅಂದಳು. ನನಗೆ ಎದೆ ಧಸಕ್ ಅಂತು. ಬೆಂಗಳೂರಿನಿಂದ ಇಷ್ಟು ದೂರ ಬಂದು ಕನ್ನಡದಲ್ಲೇ ಆಚೆ ಹೋಗು ಅನ್ನಿಸಿಕೊಳ್ಳೋದಾ, ಅದೂ ಲೇ ಅಂತ! ಲಡಾಖಿ ಭಾಷೆಯಲ್ಲಿ ಆಚೆ ಅಂದರೆ ಅಕ್ಕ, ಲೇ ಅಂದರೆ ಮರ್ಯಾದೆಗೆ ಸೇರಿಸುವ "ಅವರೇ" ಇದ್ದ ಹಾಗೆ ಅಂತ ಆಮೇಲೆ ಗೊತ್ತಾಯಿತು. ಅವಳು ನನಗೆ "ಅಕ್ಕಾ" ಅಂದು, ಪಕ್ ತಗೊಂಡು, ನನ್ನನ್ನು ಸುತ್ತು ಹಾಕಿ ಗೋಲು ಹೊಡೆದು ಬಂದಳು. ನಾನು ಇನ್ನೂ "ಆಚೆ"ಯ ಆಘಾತದಲ್ಲೇ ಇದ್ದೆ.

ಅಲ್ಲಿ ಕಲಿತ ದೊಡ್ಡ ವಿಷಯ ಶಿಫ್ಟ್. ಐಸ್ ಹಾಕಿಯಲ್ಲಿ ಯಾರೂ ಇಡೀ ಆಟ ಆಡುವುದಿಲ್ಲ. 20 ನಿಮಿಷದ ಮೂರು ಅವಧಿ ಇದ್ದರೂ ಒಬ್ಬ ಆಟಗಾರ ಒಂದು ಸಲಕ್ಕೆ ಐಸ್ ಮೇಲೆ ಇರುವುದು 40-45 ಸೆಕೆಂಡ್. ಆ 45 ಸೆಕೆಂಡ್ ಪ್ರಾಣ ಬಿಟ್ಟು ಓಡಿ, ಬೆಂಚಿಗೆ ಬಂದು ಕೂತು, ಬೇರೆಯವರನ್ನು ಕಳಿಸಬೇಕು. ಆಟ ನಿಲ್ಲುವುದಿಲ್ಲ, ನಡೆಯುತ್ತಿರುವಾಗಲೇ ಬದಲಾವಣೆ. ನಾನು ಬೆಂಗಳೂರಿನ ಚಪಲಕ್ಕೆ ಒಂದೂವರೆ ನಿಮಿಷ ಒಳಗೇ ಇದ್ದೆ. ಇಷ್ಟು ದೂರದಿಂದ ಬಂದಿದ್ದೇನೆ, ಅಷ್ಟು ಬೇಗ ಯಾಕೆ ಕೂರಲಿ ಅಂತ. ಕೊನೆಯ ಅರ್ಧ ನಿಮಿಷ ನಾನು ಐಸ್ ಮೇಲಿನ ಕಂಬ, ಅಷ್ಟೇ. ನನ್ನಿಂದ ಒಂದು ಗೋಲಾಯಿತು, ನಮ್ಮ ಮೇಲೇ.

ಇನ್ನೊಂದು ತಪ್ಪು ಆಫ್‌ಸೈಡ್. ಎದುರಾಳಿಯ ಗೋಲಿನ ಕಡೆ ಇರುವ ನೀಲಿ ಗೆರೆಯನ್ನು ಪಕ್ ದಾಟುವ ಮೊದಲು ನೀವು ದಾಟಬಾರದು. ಇನ್‌ಲೈನ್‌ನಲ್ಲಿ ಆ ಗೆರೆಯೇ ಇಲ್ಲ. ಮೊದಲ ವಾರ ನಾನು ಮದುವೆ ಮನೆಗೆ ಗಂಡಿಗಿಂತ ಮೊದಲು ಬಂದು ಕೂತ ದಿಬ್ಬಣದವರ ಹಾಗೆ, ಯಾವಾಗಲೂ ಗೆರೆ ಆಚೆ.

ಶಿಫ್ಟ್‌ಗೆ ಉಸಿರು ಕಟ್ಟುವುದನ್ನು ಮಾತ್ರ ಬೆಂಗಳೂರಿನಲ್ಲೇ ಕಲಿಯಬಹುದು. ಲಾಲ್‌ಬಾಗ್ ಬಂಡೆ ಇದೆಯಲ್ಲ, ಮುನ್ನೂರು ಕೋಟಿ ವರ್ಷ ಹಳೆಯದು ಅಂತಾರೆ. ಬೆಳಿಗ್ಗೆ ಆರಕ್ಕೆ ಅದರ ಬುಡದಿಂದ 40 ಸೆಕೆಂಡ್ ಮೇಲಕ್ಕೆ ಓಡುತ್ತೇನೆ, ಎರಡು ನಿಮಿಷ ನಡೆದು ಇಳಿಯುತ್ತೇನೆ. ಹತ್ತು ಸಲ. ವಾಕಿಂಗ್ ಬರುವ ಒಬ್ಬ ಅಂಕಲ್ ಒಂದು ದಿನ ತಡೆದು, "ಯಾಕಮ್ಮಾ, ನಾಯಿ ಏನಾದ್ರೂ ಅಟ್ಟಿಸ್ಕೊಂಡು ಬರ್ತಿದೆಯಾ?" ಅಂದರು. ಇಲ್ಲ ಅಂಕಲ್, ಪ್ರಾಕ್ಟೀಸ್ ಅಂದೆ. ಯಾವುದಕ್ಕೆ ಅಂತ ಹೇಳುವಷ್ಟು ಉಸಿರು ಇರಲಿಲ್ಲ.

ದೊಡ್ಡಪ್ಪ ಪ್ರತಿ ಯುಗಾದಿಗೂ ಒಂದೇ ಪ್ರಶ್ನೆ ಕೇಳುತ್ತಾರೆ. "ಅದೇನೋ ಆಡ್ತೀಯಲ್ಲಮ್ಮಾ, ಅದ್ರಲ್ಲಿ ದುಡ್ಡಿದೆಯಾ?" ದುಡ್ಡಿದೆ ದೊಡ್ಡಪ್ಪ, ಇಲ್ಲಿಲ್ಲ. ಎನ್‌ಎಚ್‌ಎಲ್‌ನಲ್ಲಿ 32 ತಂಡ. ಸುಮಾರು ಅಕ್ಟೋಬರ್‌ನಿಂದ ಏಪ್ರಿಲ್‌ವರೆಗೆ ಒಂದೊಂದು ತಂಡಕ್ಕೆ ಎಂಬತ್ತರ ಮೇಲೆ ಪಂದ್ಯ, ಅಂದರೆ ಎರಡು-ಮೂರು ದಿನಕ್ಕೊಂದು. ಅದಾದ ಮೇಲೆ ಸ್ಟ್ಯಾನ್ಲಿ ಕಪ್ ಗೆಲ್ಲಬೇಕಾದರೆ ಇನ್ನೂ 16 ಪಂದ್ಯ ಗೆಲ್ಲಬೇಕು. ಹದಿನೆಂಟಕ್ಕೆ ಹುಡುಗರನ್ನು ಡ್ರಾಫ್ಟ್‌ನಲ್ಲಿ ಆರಿಸುತ್ತಾರೆ. ಆರಿಸಿದವರಲ್ಲೂ ಎಷ್ಟೋ ಜನ ಚಿಕ್ಕ ಲೀಗ್‌ಗಳ ಬಸ್ಸಿನಲ್ಲೇ ವರ್ಷ ಕಳೆಯುತ್ತಾರೆ. ಮೂವತ್ತೈದು ದಾಟುವಷ್ಟರಲ್ಲಿ ಹೆಚ್ಚಿನವರ ಸೊಂಟ, ಮೊಣಕಾಲು ಮುಗಿದಿರುತ್ತೆ. ಭಾರತೀಯ ಮೂಲದವರಲ್ಲಿ ಅಲ್ಲಿ ಮೊದಲು ಆಡಿದ್ದು ರಾಬಿನ್ ಬಾವಾ, 1989ರಲ್ಲಿ. ಹೆಂಗಸರ ಕಥೆ ಇನ್ನೂ ತಡ. ಪಿಡಬ್ಲ್ಯುಎಚ್‌ಎಲ್ ಅನ್ನುವ ಅವರ ಲೀಗ್ ಶುರುವಾಗಿದ್ದೇ 2024ರ ಜನವರಿಯಲ್ಲಿ, ಆರು ತಂಡಗಳಿಂದ. ಆಗ ಅಲ್ಲಿ ಕನಿಷ್ಠ ಸಂಬಳ ವರ್ಷಕ್ಕೆ 35,000 ಡಾಲರ್. ದೊಡ್ಡಪ್ಪ ಅದನ್ನು ಮನಸ್ಸಿನಲ್ಲೇ ರೂಪಾಯಿಗೆ ಗುಣಿಸಿ, "ಪರ್ವಾಗಿಲ್ಲ" ಅಂದರು. ಟೊರಾಂಟೊದ ಬಾಡಿಗೆ ಎಷ್ಟು ಅಂತ ನಾನು ಹೇಳಲಿಲ್ಲ.

ನಾಲ್ಕು ಒಲಿಂಪಿಕ್ ಚಿನ್ನ ಗೆದ್ದ ಕೆನಡಾದ ಹೇಲಿ ವಿಕನ್‌ಹೈಸರ್ 2018ರ ಜನವರಿಯಲ್ಲಿ ಲೇಹ್‌ಗೆ ಬಂದು ಅಲ್ಲಿನ ಹುಡುಗಿಯರ ಜೊತೆ ಆಡಿದರು. ನಾನು ಆ ಒಂದು ವರ್ಷ ಹೋಗಿರಲಿಲ್ಲ. ತಂಗಿ ಮದುವೆ. ಇದರ ಬಗ್ಗೆ ಜಾಸ್ತಿ ಬರೆದರೆ ತಂಗಿ ಓದುತ್ತಾಳೆ.

ಒಂದು ಸಲ ದೊಡ್ಡ ಕ್ಯಾಂಪ್‌ಗೆ ಹೋಗಿದ್ದೆ, ಆಯ್ಕೆ ಆಗಲಿಲ್ಲ. ನ್ಯಾಯವಾಗಿಯೇ ಆಗಲಿಲ್ಲ. ನಮ್ಮ ದೇಶದ ಹೆಂಗಸರ ತಂಡ ಮೊದಲ ಸಲ ಅಂತಾರಾಷ್ಟ್ರೀಯ ಪಂದ್ಯ ಆಡಿದ್ದು 2016ರಲ್ಲಿ ತೈಪೆಯಲ್ಲಿ. ಮೊದಲ ಗೆಲುವು 2017ರಲ್ಲಿ ಬ್ಯಾಂಕಾಕ್‌ನಲ್ಲಿ, ಫಿಲಿಪ್ಪೀನ್ಸ್ ಮೇಲೆ. 2025ರಲ್ಲಿ ಯುಎಇಯ ಅಲ್ ಐನ್‌ನಲ್ಲಿ ಏಷ್ಯಾ ಕಪ್ ಕಂಚು. ತಂಡದಲ್ಲಿ ಬಹುತೇಕ ಲಡಾಖ್ ಮತ್ತು ಹಿಮಾಚಲದ ಹುಡುಗಿಯರು. ಆ ಕಂಚಿನ ಸುದ್ದಿ ಬಂದಾಗ ನಾನು ಆಫೀಸಿನ ಕ್ಯಾಂಟೀನಿನಲ್ಲಿ ಒಬ್ಬಳೇ ಎದ್ದು ನಿಂತು ಚಪ್ಪಾಳೆ ತಟ್ಟಿದೆ. ಪಕ್ಕದ ಟೇಬಲ್‌ನವರು ಕ್ರಿಕೆಟ್ ಸ್ಕೋರ್ ಎಷ್ಟು ಅಂತ ಕೇಳಿದರು.

2019ರಲ್ಲಿ ಕಾಲರ್‌ಬೋನ್ ಮುರಿಯಿತು. ಹೆಂಗಸರ ಆಟದಲ್ಲಿ ಮೈಮೇಲೆ ನುಗ್ಗಿ ಬೀಳಿಸುವಂತಿಲ್ಲ, ಹಾಗಾಗಿ ಬೇರೆಯವರ ಮೇಲೆ ತಪ್ಪು ಹೊರಿಸುವಂತಿಲ್ಲ. ನಾನೇ ಎಡಗಡೆ ನಿಲ್ಲಲು ಹೋಗಿ ರಿಂಕ್ ಸುತ್ತಲಿನ ಬೋರ್ಡಿಗೆ ಗುದ್ದಿದೆ. ದಡ್ಡ ಎಡಗಾಲು. ಆ ವರ್ಷದ ಪುಟ ಅಲ್ಲಿಗೇ ಖಾಲಿ, ಮುಂದಿನ ಎರಡು ವರ್ಷ ಕೊರೋನಾ.

ಹೊಸದಾಗಿ ಶುರು ಮಾಡುವವರು ಖರ್ಚಿನ ಬಗ್ಗೆ ಕೇಳುತ್ತಾರೆ. ಸ್ಕೇಟ್ಸ್ ಮತ್ತು ಹೆಲ್ಮೆಟ್‌ಗೆ ದುಡ್ಡು ಹಾಕಿ, ಉಳಿದದ್ದೆಲ್ಲ ಹಳೆಯದು ನಡೆಯುತ್ತೆ. ಸ್ಕೇಟ್ಸ್ ಚಪ್ಪಲಿಗಿಂತ ಒಂದು ಸೈಜ್ ಚಿಕ್ಕದಿರಲಿ, ಬೆರಳು ಮುಂದೆ ತಾಗಿಯೂ ತಾಗದ ಹಾಗೆ. ಸಡಿಲ ಇದ್ದರೆ ಪಾದ ಒಳಗೇ ತಿರುಗುತ್ತೆ, ಬ್ಲೇಡ್ ತಿರುಗುವುದಿಲ್ಲ. ಆಡಿ ಬಂದ ತಕ್ಷಣ ಪ್ಯಾಡ್‌ಗಳನ್ನು ಬ್ಯಾಗಿನಿಂದ ತೆಗೆದು ಗಾಳಿಗೆ ಹಾಕಿ, ಇಲ್ಲದಿದ್ದರೆ ಬರುವ ವಾಸನೆಗೆ ಹೆಸರಿಲ್ಲ. ನಾನು ತಾರಸಿಯ ಹಗ್ಗಕ್ಕೆ ನೇತು ಹಾಕುತ್ತೇನೆ. ಬೇಸಿಗೆಯಲ್ಲಿ ಅಮ್ಮ ಅಲ್ಲೇ ಸಂಡಿಗೆ ಒಣಗಿಸುತ್ತಾಳೆ. ಗಾಳಿ ಯಾವ ಕಡೆಯಿಂದ ಬೀಸುತ್ತಿದೆ ಅಂತ ಬೆರಳು ಒದ್ದೆ ಮಾಡಿ ನೋಡಿ, ಆಮೇಲೆ ನನಗೆ ಜಾಗ ತೋರಿಸುತ್ತಾಳೆ.

ಈಗ ಭಾನುವಾರ ಬೆಳಿಗ್ಗೆ ಸಿಮೆಂಟ್ ರಿಂಕ್‌ನಲ್ಲಿ ಹದಿನಾಲ್ಕು ಮಕ್ಕಳಿಗೆ ಇನ್‌ಲೈನ್ ಹೇಳಿಕೊಡುತ್ತೇನೆ. ಕ್ಲಾಸಿನ ಮೊದಲ ಹತ್ತು ನಿಮಿಷ ಎಲ್ಲರೂ ಸ್ಕೇಟ್ಸ್ ಬಿಚ್ಚಿ, ಆಫೀಸ್ ರೂಮಿನ ಟೈಲ್ಸ್ ಮೇಲೆ ಒದ್ದೆ ಬಟ್ಟೆ ಹಾಕಿ ಕಾಲಲ್ಲಿ ನೆಲ ಒರೆಸಬೇಕು. ಒಬ್ಬರ ಅಪ್ಪ ಬಂದು, ಫೀಸ್ ತಗೊಂಡು ಮಕ್ಕಳ ಕೈಲಿ ಕಸ ಮುಸುರೆ ಮಾಡಿಸ್ತೀರಾ ಅಂತ ಕೇಳಿದರು. ಕೈಲಿ ಅಲ್ಲ ಸರ್, ಕಾಲಲ್ಲಿ ಅಂದೆ.

ಅವರಲ್ಲಿ ಹನ್ನೊಂದರ ಒಬ್ಬಳು ಈ ಡಿಸೆಂಬರ್‌ನಲ್ಲಿ ಮೊದಲ ಸಲ ಐಸ್‌ಗೆ ಹೋಗುತ್ತಾಳೆ. ಮೊನ್ನೆ ಅವಳನ್ನೂ ಅವಳ ಸೆಕೆಂಡ್‌ಹ್ಯಾಂಡ್ ಸ್ಕೇಟ್ಸನ್ನೂ ಪೀಣ್ಯಕ್ಕೆ ಕರೆದುಕೊಂಡು ಹೋಗಿದ್ದೆ. ಹಳೇ ಮೇಸ್ತ್ರಿ ರಿಟೈರ್ ಆಗಿದ್ದಾರೆ, ಅವರ ಮಗ ಇದ್ದಾನೆ, ಜಿಗ್ ಅದೇ. ಹತ್ತು ಸಲ ಎಳೆದು, ಮುಳ್ಳು ತೆಗೆದು, ಬಟ್ಟೆಯಲ್ಲಿ ಒರೆಸಿ ಕೊಟ್ಟ. ಅವಳ ಕೈಗೆ ಒಂದು ರೂಪಾಯಿ ನಾಣ್ಯ ಕೊಟ್ಟು, ಬ್ಲೇಡಿನ ಮೇಲೆ ಅಡ್ಡ ಇಡು ಅಂದೆ. ಉಸಿರು ಬಿಗಿಹಿಡಿದು ಇಟ್ಟಳು. ಮೂವರೂ ಬಗ್ಗಿ ನೋಡಿದೆವು.

"ಎಡಕ್ಕೆ ವಾಲಿದೆ ಅಕ್ಕಾ."

ಹುಡುಗ ಏನೂ ಹೇಳದೆ ಮೆಷಿನ್ ಮತ್ತೆ ಆನ್ ಮಾಡಿದ.